ಬ್ಯಾಂಡ್ ನಡುವೆ ಬಂದುಹೋದವರು

ಈಗ ತೆರೆಯ ಮೇಲೆ ನೋಡಿದಿರಲ್ಲ, ಆ ಇಬ್ಬರು ಹುಡುಗರಿಂದಲೇ ಶುರು ಮಾಡುತ್ತೇನೆ. ದೊಡ್ಡವನು ಫೇಯರ್ಡ್, ಚಿಕ್ಕವನು ಹೆರಾಲ್ಡ್. ಮುಂದೆ ನಿಕೋಲಸ್ ಸಹೋದರರು ಅಂತ ಹೆಸರು ಮಾಡಿದವರು. ಚಿತ್ರದ ಹೆಸರು 'ಪೈ, ಪೈ ಬ್ಲ್ಯಾಕ್‌ಬರ್ಡ್', 1932ರದ್ದು. ಇವರಿಬ್ಬರಿಗೂ ಇದೇ ಮೊದಲ ಚಿತ್ರ. ಚಿಕ್ಕವನಿಗೆ ಆಗ 11 ವರ್ಷ. ಅಡುಗೆಮನೆಯಲ್ಲಿ ನೀನಾ ಮೇ ಮೆಕಿನ್ನಿ ಹಾಡುತ್ತಾ ಪೈ ಮಾಡುತ್ತಾಳೆ. ಪೈ ಅಂದರೆ ಒಳಗೆ ಹೂರಣ ತುಂಬಿ, ಮೇಲೆ ಹಿಟ್ಟಿನ ಮುಚ್ಚಳ ಹಾಕಿ ಬೇಯಿಸುವ ತಿಂಡಿ. ನಮ್ಮ ಕಡುಬಿಗೆ ದೂರದ ನೆಂಟ ಅಂದುಕೊಳ್ಳಿ. ಆ ಮುಚ್ಚಳ ತೆಗೆದರೆ ಒಳಗೆ ಹೂರಣದ ಬದಲು ಯೂಬಿ ಬ್ಲೇಕ್ ಅವರ ಇಡೀ ಬ್ಯಾಂಡ್ ಕೂತಿದೆ! ಹುಡುಗರು ಕುಣಿಯುತ್ತಾರೆ. ಕುಣಿತದ ಕಾವು ಏರಿ ಏರಿ, ಕೊನೆಗೆ ಎಲ್ಲರೂ ಸುಟ್ಟು ಅಸ್ಥಿಪಂಜರಗಳಾಗಿಬಿಡುತ್ತಾರೆ. ಅಸ್ಥಿಪಂಜರಗಳೂ ತಾಳ ಬಿಡುವುದಿಲ್ಲ.

ನಕ್ಕಿರಿ. ಸರಿ. ಆದರೆ ಒಂದು ವಿಷಯ ಗಮನಿಸಿದಿರಾ? ಚಿತ್ರ ಇರುವುದು ಹತ್ತು ಹನ್ನೊಂದು ನಿಮಿಷ. ಜಾಹೀರಾತಿನಲ್ಲಿ ದೊಡ್ಡದಾಗಿ ಇರುವುದು ಬ್ಯಾಂಡಿನ ಹೆಸರು. ನಮಗೆ ಮನೆಗೆ ಹೋದಮೇಲೂ ನೆನಪಿನಲ್ಲಿ ಉಳಿಯುವುದು ಆ ಹುಡುಗರ ಕಾಲು. ಇವತ್ತಿನ ನನ್ನ ಮಾತು ಇಷ್ಟೇ: 1930, 40ರ ದಶಕದ ಅಮೆರಿಕದ ಈ ಬ್ಯಾಂಡ್ ಕಿರುಚಿತ್ರಗಳನ್ನು ನೋಡುವಾಗ ಬ್ಯಾಂಡ್ ಲೀಡರನ್ನು ಸ್ವಲ್ಪ ಹೊತ್ತು ಮರೆತುಬಿಡಿ. ನಡುವೆ ಬಂದು ಎರಡು ನಿಮಿಷ ಕುಣಿದು, ನಗಿಸಿ, ಪಲ್ಟಿ ಹೊಡೆದು ಹೋಗುತ್ತಾರಲ್ಲ, ಅವರನ್ನು ನೋಡಿ. ಲೀಡರ್‌ಗಳ ರೆಕಾರ್ಡುಗಳು ಬೇಕಾದಷ್ಟಿವೆ. ಇವರದ್ದು ಇದಿಷ್ಟೇ.

ನಮ್ಮೂರಿನ ಗಣೇಶೋತ್ಸವದ ಆರ್ಕೆಸ್ಟ್ರಾ ನೆನಪಿಸಿಕೊಳ್ಳಿ. ವೇದಿಕೆ ಹಿಂದೆ ಕೀಬೋರ್ಡು, ಪ್ಯಾಡು, ತಬಲಾ. ಮುಂದೆ ಗಾಯಕರು. ನಾಲ್ಕು ಹಾಡು ಆದಮೇಲೆ ಒಬ್ಬ ಮಿಮಿಕ್ರಿಯವನು ಬರುತ್ತಾನೆ. ಆಮೇಲೆ ಎರಡು ಹಾಡು, ಆಮೇಲೆ ಒಂದು ಡ್ಯಾನ್ಸ್. ಮಧ್ಯರಾತ್ರಿವರೆಗೂ ಜನ ಕೂರುವುದು ಬರೀ ಹಾಡಿಗಲ್ಲ, ಈ ಮಧ್ಯದ ಐಟಂಗಳಿಗೂ ಕೂರುತ್ತಾರೆ. ಅಮೆರಿಕದ ದೊಡ್ಡ ಸಿನಿಮಾ ಮಂದಿರಗಳಲ್ಲೂ ಆಗ ಹೆಚ್ಚುಕಡಿಮೆ ಇದೇ ಪದ್ಧತಿ. ಸಿನಿಮಾ ಮುಗಿದ ಕೂಡಲೇ ವೇದಿಕೆಯ ಮೇಲೆ ಬ್ಯಾಂಡ್. ನ್ಯೂಯಾರ್ಕಿನ ಪ್ಯಾರಮೌಂಟ್ ಥಿಯೇಟರಿನಲ್ಲಿ ಬ್ಯಾಂಡು ಲಿಫ್ಟ್ ಥರದ ವೇದಿಕೆ ಮೇಲೆ ನುಡಿಸುತ್ತಲೇ ಕೆಳಗಿನಿಂದ ಎದ್ದು ಬರುತ್ತಿತ್ತು. 1937ರ ಮಾರ್ಚಿನಲ್ಲಿ ಬೆನ್ನಿ ಗುಡ್‌ಮನ್ ಅಲ್ಲಿ ನುಡಿಸಿದಾಗ ಹುಡುಗ ಹುಡುಗಿಯರು ಸೀಟು ಬಿಟ್ಟೆದ್ದು ನಡುದಾರಿಯಲ್ಲೇ ಕುಣಿದರು. ಬ್ಯಾಂಡ್ ಅಂದರೆ ಹದಿನೈದು ಜನ ಅಂತಿಟ್ಟುಕೊಳ್ಳಿ. ಟ್ರಂಪೆಟ್, ಟ್ರೊಂಬೋನ್, ಸ್ಯಾಕ್ಸೋಫೋನ್, ಪಿಯಾನೋ, ಬಾಸ್, ಡ್ರಮ್ಸ್. ಅವರ ಜೊತೆ ಒಬ್ಬಳು ಗಾಯಕಿ, ಬೂಟಿನ ಸದ್ದಿನಲ್ಲೇ ತಾಳ ಹಾಕುತ್ತಾ ಕುಣಿಯುವ ಒಂದು ಟ್ಯಾಪ್ ಡ್ಯಾನ್ಸ್ ಜೋಡಿ, ಒಬ್ಬ ಹಾಸ್ಯಗಾರ, ಕೆಲವೊಮ್ಮೆ ಚೆಂಡು ಹಾರಿಸುವವನು ಅಥವಾ ಮೈ ಬಳುಕಿಸುವವನು. ಇದನ್ನೆಲ್ಲ ಹತ್ತು ನಿಮಿಷಕ್ಕೆ ಕುಗ್ಗಿಸಿ ಡಬ್ಬಿಯಲ್ಲಿ ತುಂಬಿ ಸಣ್ಣ ಊರಿಗೂ ಕಳಿಸಿದರೆ? ಅದೇ ಬ್ಯಾಂಡ್ ಕಿರುಚಿತ್ರ. ಮುಖ್ಯ ಸಿನಿಮಾಕ್ಕೆ ಮುಂಚೆ ತೋರಿಸುವುದು. ನಮ್ಮಲ್ಲಿ ಫಿಲ್ಮ್ಸ್ ಡಿವಿಷನ್ ವಾರ್ತಾಚಿತ್ರ ಬರುತ್ತಿತ್ತಲ್ಲ, ಆ ಜಾಗದಲ್ಲಿ ಅವರಿಗೆ ಟ್ಯಾಪ್ ಡ್ಯಾನ್ಸ್. ನಮ್ಮ ಪಾಲಿಗೆ ಪ್ರವಾಹ ಪರಿಹಾರ. ಇರಲಿ.

ಇದಕ್ಕೆ ಹಿಂದಿನ ಕತೆ ಒಂದಿದೆ. 1926ರ ಆಗಸ್ಟ್ 6. ವಾರ್ನರ್ ಬ್ರದರ್ಸ್ ನ್ಯೂಯಾರ್ಕಿನಲ್ಲಿ ವೈಟಾಫೋನ್ ಅನ್ನುವ ಧ್ವನಿ ವ್ಯವಸ್ಥೆಯನ್ನು ಮೊದಲ ಸಲ ಜನರ ಮುಂದಿಟ್ಟ ದಿನ. ಮುಖ್ಯ ಚಿತ್ರಕ್ಕೆ ಮುಂಚೆ ಒಂದಷ್ಟು ಕಿರುಚಿತ್ರಗಳು. ಘನವಾದ ಕಾರ್ಯಕ್ರಮ: ನ್ಯೂಯಾರ್ಕ್ ಫಿಲ್ಹಾರ್ಮೋನಿಕ್, ಅಪೆರಾ ಗಾಯಕರು, ಪಿಟೀಲು ವಿದ್ವಾಂಸರು. ಅವರೆಲ್ಲರ ನಡುವೆ ರಾಯ್ ಸ್ಮೆಕ್ ಅನ್ನುವ ಒಬ್ಬ ಹುಡುಗ. ಹವಾಯನ್ ಗಿಟಾರ್, ಯುಕುಲೇಲಿ, ಬ್ಯಾಂಜೋ ನುಡಿಸುತ್ತಾ ತಮಾಷೆ ಮಾಡುವವನು. ಊರೂರು ಸುತ್ತುವ ವಾಡೆವಿಲ್ ಕಲಾವಿದ. ವಾಡೆವಿಲ್ ಅಂದರೆ ಹಾಡು, ಕುಣಿತ, ಹಾಸ್ಯ ಹೀಗೆ ಬಿಡಿ ಬಿಡಿ ಐಟಂಗಳನ್ನು ಜೋಡಿಸಿದ ವೇದಿಕೆ ಕಾರ್ಯಕ್ರಮ. ದೊಡ್ಡ ವಿದ್ವಾಂಸರ ಪಂಕ್ತಿಯಲ್ಲಿ ಇವನಿಗೂ ಎಲೆ ಹಾಕಿದ್ದರು. ಜನ ಇವನಿಗೆ ಜೋರು ಚಪ್ಪಾಳೆ ಹೊಡೆದರು. ಅಪೆರಾ ಹಾಡುವವರನ್ನು ಎಷ್ಟು ಸಲ ತೋರಿಸಬಹುದು ಹೇಳಿ? ವಾರ್ನರ್‌ನವರಿಗೆ ವಿಷಯ ಬೇಗ ಹೊಳೆಯಿತು. ಬ್ರೂಕ್ಲಿನ್‌ನ ಫ್ಲಾಟ್‌ಬುಷ್‌ನಲ್ಲಿದ್ದ ಹಳೇ ವೈಟಾಗ್ರಾಫ್ ಸ್ಟುಡಿಯೋದಲ್ಲಿ ಈ ಕಿರುಚಿತ್ರಗಳನ್ನು ಸಾಲುಸಾಲಾಗಿ ತೆಗೆಯತೊಡಗಿದರು. ರಂಗಮಂದಿರಗಳ ಬೀದಿ ಬ್ರಾಡ್‌ವೇ ಅಲ್ಲಿಗೆ ಹತ್ತಿರ. ರಾತ್ರಿ ವೇದಿಕೆಯಲ್ಲಿ ಕುಣಿಯುವವರು ಹಗಲು ಹೊತ್ತು ಬಂದು ಕ್ಯಾಮೆರಾ ಮುಂದೆ ಕುಣಿದು ಹೋಗಬಹುದು.

ವೈಟಾಫೋನ್ ಹೇಗೆ ಕೆಲಸ ಮಾಡುತ್ತಿತ್ತು ಅಂತ ಸ್ವಲ್ಪ ಹೇಳಬೇಕು. ನನಗೆ ಇದು ತುಂಬಾ ಇಷ್ಟದ ಭಾಗ, ಬೇಜಾರಾದರೆ ತಡೆದುಕೊಳ್ಳಿ. ಚಿತ್ರ ಫಿಲ್ಮಿನ ಮೇಲೆ, ಧ್ವನಿ ಬೇರೆ ಡಿಸ್ಕಿನ ಮೇಲೆ. ಡಿಸ್ಕು 16 ಇಂಚು ಅಗಲ. ಮನೆಯ ರೆಕಾರ್ಡು ಆಗ ನಿಮಿಷಕ್ಕೆ 78 ಸುತ್ತು. ಇದು ಮೂವತ್ತಮೂರೂ ಕಾಲು, ಅಲ್ಲ ಅಲ್ಲ, ಸರಿಯಾಗಿ ಹೇಳುತ್ತೇನೆ, 33 ಮತ್ತು ಮೂರನೇ ಒಂದು ಸುತ್ತು. ನಿಧಾನ ತಿರುಗಿದರೆ ಜಾಸ್ತಿ ಹೊತ್ತು ಹಾಡುತ್ತದೆ. 1000 ಅಡಿಯ ಒಂದು ರೀಲ್ ಓಡುವುದು ಸುಮಾರು 11 ನಿಮಿಷ, ಡಿಸ್ಕಿನ ಒಂದು ಮುಖವೂ ಅಷ್ಟೇ ಹೊತ್ತು ಓಡಬೇಕು. ಈ ಕಿರುಚಿತ್ರಗಳೆಲ್ಲ ಹತ್ತು ನಿಮಿಷದ ಆಸುಪಾಸು ಯಾಕಿವೆ ಅಂತ ಯಾರಾದರೂ ಕೇಳಿದರೆ ಉತ್ತರ ಇಲ್ಲಿದೆ.

ಇನ್ನೊಂದು ತಮಾಷೆ. ನಮ್ಮ ರೆಕಾರ್ಡಿಗೆ ಮುಳ್ಳು ಇಡುವುದು ಹೊರಗಿನ ಅಂಚಿನಲ್ಲಿ. ವೈಟಾಫೋನ್ ಡಿಸ್ಕಿಗೆ ಒಳಗೆ, ಲೇಬಲ್ ಪಕ್ಕದಲ್ಲಿ. ಅಲ್ಲೊಂದು ಬಾಣದ ಗುರುತು ಕೊರೆದಿರುತ್ತಿತ್ತು. ಮುಳ್ಳು ಆ ಬಾಣದ ಮೇಲೆ, ಫಿಲ್ಮಿನ 'ಸ್ಟಾರ್ಟ್' ಗುರುತು ಪ್ರೊಜೆಕ್ಟರಿನ ಗೇಟಿನಲ್ಲಿ, ಎರಡನ್ನೂ ಒಂದೇ ಮೋಟಾರು ತಿರುಗಿಸುವುದು. ಉಕ್ಕಿನ ಮುಳ್ಳು ಪ್ರತಿ ಸಲವೂ ಹೊಸದು. ಲೇಬಲ್ ಮೇಲೆ ಸಣ್ಣ ಸಣ್ಣ ಚೌಕಗಳು, ಒಂದು ಸಲ ನುಡಿಸಿದರೆ ಒಂದು ಚೌಕಕ್ಕೆ ಗುರುತು. ಇಪ್ಪತ್ತು ಸಲ ಆಯಿತು ಅಂದರೆ ಡಿಸ್ಕಿನ ಆಯುಸ್ಸು ಮುಗಿಯಿತು. ನಡುವೆ ಫಿಲ್ಮ್ ಹರಿದರೆ ಏನು ಗತಿ? ಹರಿದ ಫ್ರೇಮುಗಳನ್ನು ಸುಮ್ನೆ ಕತ್ತರಿಸಿ ಅಂಟಿಸುವ ಹಾಗಿಲ್ಲ. ಎಷ್ಟು ಫ್ರೇಮ್ ಹೋಯಿತೋ ಅಷ್ಟೇ ಕಪ್ಪು ಫ್ರೇಮ್ ಸೇರಿಸಬೇಕು. ಇಲ್ಲದಿದ್ದರೆ ಗಾಯಕಿ ಬಾಯಿ ಮುಚ್ಚಿದ ಮೇಲೆ ಹಾಡು ಬರುತ್ತದೆ.

ಈಗ ಚಿತ್ರೀಕರಣದ ಕಡೆ ಬನ್ನಿ. ಆ ಮೊದಲ ವರ್ಷಗಳಲ್ಲಿ ಡಿಸ್ಕು ಕೊರೆಯುವುದು ಸ್ಥಳದಲ್ಲೇ, ಒಂದೇ ಉಸಿರಿನಲ್ಲಿ. ಧ್ವನಿಯನ್ನು ಆಮೇಲೆ ಕತ್ತರಿಸಿ ಜೋಡಿಸುವ ಮಾತೇ ಇಲ್ಲ. ಕ್ಯಾಮೆರಾದ ಸದ್ದು ಕೇಳಬಾರದು ಅಂತ ಕ್ಯಾಮೆರಾ ಮತ್ತು ಕ್ಯಾಮೆರಾಮನ್ ಇಬ್ಬರನ್ನೂ ಒಂದು ಗೂಡಿನೊಳಗೆ ಹಾಕಿ ಗಾಜಿನ ಕಿಟಕಿಯಿಂದ ತೆಗೆಯುತ್ತಿದ್ದರು. ಒಳಗೆ ಸೆಖೆ, ಗಾಳಿ ಇಲ್ಲ. ಹೊರಗೆ ಕುಣಿಯುವವನು ಒಂಬತ್ತನೇ ನಿಮಿಷದಲ್ಲಿ ಎಡವಿದರೆ ಮೊದಲಿನಿಂದ ಮತ್ತೆ. ಹಾಗಾಗಿ ಅವರಿಗೆ ಬೇಕಾಗಿದ್ದದ್ದು ಎಡವದವರು. ಅಂಥವರು ಎಲ್ಲಿ ಸಿಗುತ್ತಾರೆ? ವಾಡೆವಿಲ್ ವೇದಿಕೆಯಲ್ಲಿ. ದಿನಕ್ಕೆ ಎರಡು ಮೂರು ಆಟ ಆಡಿ ಆಡಿ, ನಿದ್ದೆಯಲ್ಲಿ ಎಬ್ಬಿಸಿದರೂ ತಪ್ಪಿಲ್ಲದೆ ಮಾಡುವ ಜನ.

ಇಲ್ಲೇ ನನಗೆ ಸಂಕಟ ಆಗುವುದು. ವಾಡೆವಿಲ್ ಕಲಾವಿದನ ಆಸ್ತಿ ಅಂದರೆ ಅವನ ಐಟಂ. ಎಂಟು ನಿಮಿಷವೋ ಹತ್ತು ನಿಮಿಷವೋ. ಅದನ್ನು ವರ್ಷಗಟ್ಟಲೆ ತಿದ್ದಿ ತೀಡಿ ಇಟ್ಟುಕೊಂಡಿರುತ್ತಾನೆ. ಈ ವಾರ ಒಂದು ಊರು, ಮುಂದಿನ ವಾರ ಇನ್ನೊಂದು. ಅಮೆರಿಕ ದೊಡ್ಡ ದೇಶ. ಒಂದು ಸುತ್ತು ಮುಗಿಸಿ ಅದೇ ಊರಿಗೆ ಮತ್ತೆ ಬರುವಷ್ಟರಲ್ಲಿ ಜನ ಅರ್ಧ ಮರೆತಿರುತ್ತಾರೆ. ಹಾಗಾಗಿ ಒಂದೇ ಐಟಂ ಇಟ್ಟುಕೊಂಡು ಮಕ್ಕಳನ್ನು ಓದಿಸಬಹುದು, ಮನೆ ಕಟ್ಟಬಹುದು. ಆದರೆ ಕ್ಯಾಮೆರಾ ಮುಂದೆ ಒಂದು ಸಲ ಮಾಡಿದಿರೋ, ಮುಗಿಯಿತು. ಇಡೀ ದೇಶ ಕೆಲವೇ ತಿಂಗಳಲ್ಲಿ ನೋಡಿಬಿಡುತ್ತದೆ. ಆಮೇಲೆ ನೀವು ಖುದ್ದಾಗಿ ಆ ಊರಿಗೆ ಹೋದರೆ 'ಇದನ್ನ ಆಗಲೇ ನೋಡಿದ್ವಲ್ಲ' ಅನ್ನುತ್ತಾರೆ. ನಮ್ಮ ಮಿಮಿಕ್ರಿ ಕಲಾವಿದರನ್ನು ಕೇಳಿ ನೋಡಿ, ಟೀವಿಯಲ್ಲಿ ಒಂದು ಸಲ ಹೇಳಿದ ಜೋಕಿನ ಪಾಡು ಅವರಿಗೆ ಚೆನ್ನಾಗಿ ಗೊತ್ತು. ಬಂದ ದುಡ್ಡು ಒಂದು ದಿನದ್ದು, ಖರ್ಚಾದದ್ದು ಜೀವಮಾನದ ಬಂಡವಾಳ. ಅದರ ಮೇಲೆ, ಅವರು ಕುಣಿಯುತ್ತಿದ್ದ ಮಂದಿರಗಳೇ ಒಂದೊಂದಾಗಿ ಸಿನಿಮಾ ಕಡೆ ವಾಲಿದವು. ವಾಡೆವಿಲ್‌ನವರಿಗೆ ಕಾಶಿಯಂತಿದ್ದ ನ್ಯೂಯಾರ್ಕಿನ ಪ್ಯಾಲೇಸ್ ಥಿಯೇಟರ್ ಕೂಡ 1932ರಲ್ಲಿ ಸಿನಿಮಾ ಹಾಕಿತು. ಅವರ ಅನ್ನ ಕಿತ್ತುಕೊಂಡ ಅದೇ ಹತ್ತು ನಿಮಿಷದ ರೀಲಿನಿಂದಾಗಿ ಇವತ್ತು ನಾವು ಅವರನ್ನು ನೋಡುತ್ತಿದ್ದೇವೆ. ಇದನ್ನು ಹೇಗೆ ಲೆಕ್ಕ ಹಾಕಬೇಕೋ ನನಗೆ ಇನ್ನೂ ಗೊತ್ತಾಗಿಲ್ಲ.

ನಿಕೋಲಸ್ ಹುಡುಗರ ವಿಷಯ ಅರ್ಧಕ್ಕೆ ಬಿಟ್ಟೆ. ಇವರ ತಂದೆ ತಾಯಿ ಇಬ್ಬರೂ ವಾದ್ಯಗಾರರು, ಫಿಲಡೆಲ್ಫಿಯಾದ ಸ್ಟ್ಯಾಂಡರ್ಡ್ ಥಿಯೇಟರಿನಲ್ಲಿ ನುಡಿಸುತ್ತಿದ್ದರು. ದೊಡ್ಡ ಮಗ ಫೇಯರ್ಡ್ ಅಲ್ಲೇ ಕುರ್ಚಿಯಲ್ಲಿ ಕೂತು ಬಂದುಹೋದ ಕುಣಿತದವರನ್ನೆಲ್ಲ ನೋಡಿದ. ಪಾಠಕ್ಕೆ ಅಂತ ಯಾರ ಹತ್ತಿರವೂ ಹೋಗಲಿಲ್ಲ. ನೋಡಿದ್ದನ್ನು ಮನೆಗೆ ಬಂದು ತಮ್ಮನಿಗೆ ಕಲಿಸಿದ. ಈಗ ಆ ತುಣುಕನ್ನು ಇನ್ನೊಂದು ಸಲ ಹಾಕುತ್ತೇನೆ, ಈ ಸಲ ಕಾಲು ನೋಡಬೇಡಿ, ಫೇಯರ್ಡ್‌ನ ಕೈ ನೋಡಿ. ಮಣಿಕಟ್ಟಿನಿಂದ ಬೆರಳ ತುದಿವರೆಗೆ ಎಷ್ಟು ನಾಜೂಕು. ಆಮೇಲೆ ಚಿಕ್ಕವನ ಮುಖ ನೋಡಿ. ಅಣ್ಣನ ಕಡೆ ಒಂದು ಕ್ಷಣ ಕಣ್ಣು ಹೊರಳಿಸಿ, ಸರಿ ಇದೆ ಅಂತ ಖಾತ್ರಿ ಮಾಡಿಕೊಂಡು ಮತ್ತೆ ನಮ್ಮ ಕಡೆ ನಗುತ್ತಾನೆ.

ಈ ಚಿತ್ರಗಳಲ್ಲಿ ಕತೆ ಅನ್ನುವುದು ಬರೀ ನೆಪ. ಒಂದರಲ್ಲಿ ಬ್ಯಾಂಡು ಕ್ಷೌರದಂಗಡಿಯಲ್ಲಿ ನುಡಿಸುತ್ತದೆ. ಪಿಯಾನೋ ಕ್ಲಾಡ್ ಹಾಪ್ಕಿನ್ಸ್‌ದು, 1933ರ ಚಿತ್ರ. ಇನ್ನೊಂದರಲ್ಲಿ ರೈಲ್ವೆ ಕೂಲಿಗಳೇ ವಾದ್ಯಗಾರರು. ಅದೇ 1933ರ 'ದಟ್ಸ್ ದ ಸ್ಪಿರಿಟ್'ನಲ್ಲಿ ರಾತ್ರಿ ಕಾವಲಿನವರು ಇಬ್ಬರು ಗಿರವಿ ಅಂಗಡಿಯೊಳಗೆ ಹೆದರಿ ನಡುಗುತ್ತಿರುವಾಗ ನೋಬಲ್ ಸಿಸ್ಲ್ ಅವರ ಬ್ಯಾಂಡ್ ಪ್ರತ್ಯಕ್ಷವಾಗುತ್ತದೆ. ಅದರಲ್ಲಿ ಬಟ್ಟೆ ಉಜ್ಜುವ ಹಲಗೆಯನ್ನು ತಾಳವಾದ್ಯ ಮಾಡಿಕೊಂಡು ನುಡಿಸುವ ಒಂದು ತಂಡ ಬರುತ್ತದೆ. ಆಮೇಲೆ ಕೋರಾ ಲಾ ರೆಡ್ ಬರುತ್ತಾಳೆ. ನ್ಯೂಯಾರ್ಕಿನ ಹಾರ್ಲೆಮ್‌ ಬಡಾವಣೆಯ ಕಾಟನ್ ಕ್ಲಬ್ಬಿನ ಕುಣಿತಗಾರ್ತಿ. ಹಾಡುತ್ತಾಳೆ, ಕುಣಿಯುತ್ತಾಳೆ. ಆ ಕಾಲದ ಟ್ಯಾಪ್ ಅಂದರೆ ಗಂಡಸರ ಆಟ ಅಂತ ನಾವು ಅಂದುಕೊಂಡಿದ್ದರೆ ಈಕೆಯ ಎರಡು ನಿಮಿಷ ಸಾಕು. ಹಿಮ್ಮಡಿ ನೆಲಕ್ಕೆ ಬಡಿಯುವ ಸದ್ದು ಡ್ರಮ್ಮಿಗಿಂತ ಗಟ್ಟಿ. ಈಕೆಯ ಬಗ್ಗೆ ನಾನು ಓದಿರುವುದೆಲ್ಲ ಸೇರಿಸಿದರೂ ಅರ್ಧ ಪುಟ ಆಗುವುದಿಲ್ಲ. ಸಿಸ್ಲ್ ಬಗ್ಗೆ ಎಷ್ಟು ಬೇಕಾದರೂ ಸಿಗುತ್ತದೆ.

ಒಂದು ಪ್ರಶ್ನೆ ನಿಮ್ಮಲ್ಲಿ ಕೆಲವರಿಗೆ ಬಂದಿರಬೇಕು. ಈ ಕಪ್ಪು ಕಲಾವಿದರೆಲ್ಲ ಯಾವಾಗಲೂ ಅಡುಗೆಯವರು, ಕೂಲಿಗಳು, ಭೂತಕ್ಕೆ ಹೆದರುವ ಕಾವಲಿನವರು ಯಾಕೆ? ಸರಿಯಾದ ಪ್ರಶ್ನೆ. ಆಗಿನ ಅಮೆರಿಕ ಅವರನ್ನು ನೋಡಲು ಒಪ್ಪಿಕೊಂಡಿದ್ದದ್ದೇ ಆ ವೇಷದಲ್ಲಿ. ನಾನು ಹೇಳಿದ ಕಾಟನ್ ಕ್ಲಬ್ಬಿನಲ್ಲಿ ಕುಣಿಯುವವರು ಕಪ್ಪು ಜನ, ಕೂತು ನೋಡುವವರು ಬಿಳಿಯರು. 1932ರ 'ರ‍್ಯಾಪ್ಸಡಿ ಇನ್ ಬ್ಲ್ಯಾಕ್ ಅಂಡ್ ಬ್ಲೂ'ನಲ್ಲಿ ಲೂಯಿ ಆರ್ಮ್‌ಸ್ಟ್ರಾಂಗ್‌ಗೆ ಚಿರತೆ ಚರ್ಮ ಉಡಿಸಿ ಸೋಪಿನ ನೊರೆಯಲ್ಲಿ ನಿಲ್ಲಿಸಿದ್ದಾರೆ. ಜಗತ್ತಿನ ಅತಿ ದೊಡ್ಡ ಟ್ರಂಪೆಟ್ ವಾದಕ! ಮೊದಲ ಸಲ ನೋಡಿದಾಗ ನಾನು ಅರ್ಧಕ್ಕೆ ನಿಲ್ಲಿಸಿಬಿಟ್ಟೆ, ನೋಡಲಾಗಲಿಲ್ಲ. ಆಮೇಲೆ ಒಂದು ದಿನ ಪೂರ್ತಿ ನೋಡಿದೆ. ಟ್ರಂಪೆಟ್ ತುಟಿಗಿಟ್ಟ ಕೂಡಲೇ ಆತನ ಮುಖ ಬದಲಾಗುತ್ತದೆ. ನಗು ಹೋಗುತ್ತದೆ. ನೊರೆ, ಚರ್ಮ ಯಾವುದೂ ನೆನಪಿರುವುದಿಲ್ಲ, ಅವನಿಗೂ ನಮಗೂ. ವೇಷ ಅವರದ್ದು, ಊದುವುದು ತನ್ನದು ಅನ್ನುವ ಹಾಗೆ.

ಬೆಸ್ಸಿ ಸ್ಮಿತ್ ಕೂಡ ಹೀಗೆಯೇ. ಬ್ಲೂಸ್ ಹಾಡಿನ ರಾಣಿ. 1929ರಲ್ಲಿ 'ಸೇಂಟ್ ಲೂಯಿಸ್ ಬ್ಲೂಸ್' ಅಂತ ಹದಿನಾರು ನಿಮಿಷದ ಚಿತ್ರ ಮಾಡಿದಳು. ಮೋಸ ಹೋದ ಹೆಂಗಸಾಗಿ ಬಾರಿನ ಕಟ್ಟೆಗೆ ಒರಗಿ ಹಾಡುತ್ತಾಳೆ. 1937ರಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡಳು. ಆಕೆ ನಡೆದಾಡುವುದನ್ನು, ಬಾಯಿ ತೆರೆದು ಹಾಡುವುದನ್ನು ನೋಡಬೇಕು ಅಂದರೆ ಈ ಹದಿನಾರು ನಿಮಿಷ ಬಿಟ್ಟರೆ ಬೇರೆ ಇಲ್ಲ.

ಪ್ಯಾರಮೌಂಟ್ ಕಂಪನಿಯವರ ಕಿರುಚಿತ್ರಗಳು ಸ್ವಲ್ಪ ಬೇರೆ ಥರ. ಅಲ್ಲಿ ಫ್ರೆಡ್ ವಾಲರ್ ಅಂತ ಒಬ್ಬ ನಿರ್ದೇಶಕ. ಈತನ ಬಗ್ಗೆ ಒಂದು ನಿಮಿಷ ದಾರಿ ತಪ್ಪುತ್ತೇನೆ. 1925ರಲ್ಲಿ ನೀರಿನ ಮೇಲೆ ಜಾರುವ ವಾಟರ್ ಸ್ಕೀಗೆ ಪೇಟೆಂಟ್ ತೆಗೆದುಕೊಂಡವನು ಈತ. ಎರಡನೇ ಮಹಾಯುದ್ಧದಲ್ಲಿ ವಿಮಾನದ ಮೇಲೆ ಗುರಿಯಿಟ್ಟು ಹೊಡೆಯುವುದನ್ನು ಕಲಿಸುವ ಯಂತ್ರ ಮಾಡಿದ. ಅದರಲ್ಲಿ ಹಲವು ಪ್ರೊಜೆಕ್ಟರುಗಳು ಸೇರಿ ಒಂದು ಬಾಗಿದ ತೆರೆಯ ಮೇಲೆ ಚಿತ್ರ ಬಿಡುತ್ತಿದ್ದವು. ಅದೇ ಯೋಚನೆ ಬೆಳೆದು 1952ರಲ್ಲಿ ಸಿನೆರಾಮಾ ಅನ್ನುವ ಅಗಲ ತೆರೆಯ ಸಿನಿಮಾ ಆಯಿತು. ಇಂಥ ತಲೆಯವನು ನಡುವೆ ಬ್ಯಾಂಡ್ ಚಿತ್ರಗಳನ್ನು ತೆಗೆದ. ಕ್ಯಾಬ್ ಕ್ಯಾಲೋವೇ ಜೊತೆ, ಡ್ಯೂಕ್ ಎಲಿಂಗ್ಟನ್ ಜೊತೆ. ಕ್ಯಾಲೋವೇ ಅಂದರೆ ಬಿಳಿ ಸೂಟಿನಲ್ಲಿ ಕೂದಲು ಹಾರಿಸಿಕೊಂಡು ವೇದಿಕೆ ತುಂಬಾ ಓಡಾಡುವವನು. ಲೀಡರ್, ಗಾಯಕ, ಡ್ಯಾನ್ಸರ್ ಎಲ್ಲ ಅವನೇ. ಅವನಿಗೆ ಬೇರೆ ಐಟಂ ಯಾಕೆ ಬೇಕು?

ವಾಲರ್ ಎಲಿಂಗ್ಟನ್ ಜೊತೆ 1935ರಲ್ಲಿ ಮಾಡಿದ 'ಸಿಂಫನಿ ಇನ್ ಬ್ಲ್ಯಾಕ್' ಒಂಬತ್ತು ನಿಮಿಷದ್ದು. ಈ ಗುಂಪಿನಲ್ಲಿ ನನಗೆ ಇದೇ ಮೇಲು. ಎಲಿಂಗ್ಟನ್ ಅಡುಗೆಯವನೂ ಅಲ್ಲ, ಕೂಲಿಯೂ ಅಲ್ಲ; ಪಿಯಾನೋ ಮುಂದೆ ಕೂತು ಸಂಗೀತ ಬರೆಯುವ ಸಂಗೀತಗಾರ. ಅಷ್ಟೇ ಸಾಕು, ಆಗಿನ ಮಟ್ಟಿಗೆ ಅದೇ ದೊಡ್ಡದು. ಅದರಲ್ಲಿ ಒಬ್ಬಳು ಹುಡುಗಿ ಬರುತ್ತಾಳೆ. ಗೆಳೆಯ ಅವಳನ್ನು ತಳ್ಳುತ್ತಾನೆ, ಬೀಳುತ್ತಾಳೆ, ಬಿದ್ದಲ್ಲಿಂದಲೇ ಹಾಡುತ್ತಾಳೆ. ವಯಸ್ಸು ಇಪ್ಪತ್ತರ ಆಸುಪಾಸು. ಅವಳು ಬಿಲ್ಲಿ ಹಾಲಿಡೇ. ಯಾರಿಗೂ ಹೆಸರು ಗೊತ್ತಿಲ್ಲದ ದಿನಗಳು. ಕೊನೆಯ ಭಾಗದಲ್ಲಿ ಅರ್ಲ್ ಟಕರ್ ಬರುತ್ತಾನೆ. ಜನ ಅವನನ್ನು ಕರೆಯುತ್ತಿದ್ದದ್ದು ಸ್ನೇಕ್‌ಹಿಪ್ಸ್ ಅಂತ. ಹಾವಿನ ಸೊಂಟದವನು. ಹೆಸರು ಕೇಳಿದರೆ ನಗು ಬರುತ್ತೆ ಅಲ್ವಾ? ಕುಣಿತ ನೋಡಿದರೆ ಬರುವುದಿಲ್ಲ. ಹೆಗಲು ಒಂದು ಕಡೆ ಹೋಗುತ್ತದೆ, ಸೊಂಟ ಇನ್ನೊಂದು ಕಡೆ, ಪಾದ ನೆಲ ಬಿಟ್ಟು ಏಳುವುದೇ ಅಪರೂಪ. ಇಡೀ ದೇಹ ನಿಧಾನಕ್ಕೆ ಸುರುಳಿ ಸುತ್ತಿ ಬಿಚ್ಚಿದ ಹಾಗೆ. ಇದಾಗಿ ಎರಡೇ ವರ್ಷಕ್ಕೆ, 1937ರಲ್ಲಿ, ಟಕರ್ ಇಲ್ಲ. ಎಲಿಂಗ್ಟನ್ 1974ರವರೆಗೆ ಬದುಕಿದರು, ನೂರಾರು ರೆಕಾರ್ಡು ಬಿಟ್ಟುಹೋದರು. ಕುಣಿಯುವವನಿಗೆ ಡಿಸ್ಕು ಏನು ಉಪಯೋಗ?

ಪ್ಯಾರಮೌಂಟಿನಲ್ಲೇ ಐನಾ ರೇ ಹಟನ್ ಅವರ ಚಿತ್ರಗಳಿವೆ, 1935ರಿಂದ 37ರ ನಡುವಿನವು. ಬ್ಯಾಂಡಿನ ತುಂಬಾ ಹೆಂಗಸರು. ಟ್ರೊಂಬೋನ್, ಡ್ರಮ್ಸ್ ಎಲ್ಲ ಅವರೇ. ಲೀಡರ್ ಹಟನ್ ಮೂಲತಃ ಟ್ಯಾಪ್ ಡ್ಯಾನ್ಸರ್, ಹಾಗಾಗಿ ಕೋಲು ಬೀಸುವುದಕ್ಕಿಂತ ಕುಣಿಯುವುದೇ ಜಾಸ್ತಿ. ಕ್ಯಾಮೆರಾ ಅವಳ ಗೌನಿನ ಮೇಲೆಯೇ ಕೂತಿರುತ್ತದೆ. ಹಿಂದೆ ಕೂತ ಸ್ಯಾಕ್ಸೋಫೋನಿನವರು ಎಷ್ಟು ಚೆನ್ನಾಗಿ ನುಡಿಸುತ್ತಿದ್ದಾರೆ ಅಂತ ಕಿವಿಯಿಂದಲೇ ತಿಳಿದುಕೊಳ್ಳಬೇಕು.

ಇನ್ನು ಸೌಂಡೀಸ್. ಇವು ಸಿನಿಮಾ ಮಂದಿರಕ್ಕೆ ಅಲ್ಲ, ಬಾರಿಗೆ, ಹೋಟೆಲಿಗೆ, ಬಸ್ ನಿಲ್ದಾಣಕ್ಕೆ. 1940ರಲ್ಲಿ ಶುರುವಾಗಿ 1947ಕ್ಕೆ ಮುಗಿದ ಆಟ. ಶಿಕಾಗೋದ ಮಿಲ್ಸ್ ನಾವೆಲ್ಟಿ ಅನ್ನುವ ಕಂಪನಿ ಪ್ಯಾನೋರಾಮ್ ಅಂತ ಒಂದು ಯಂತ್ರ ಮಾಡಿತು. ಬೀರುವಿನಷ್ಟು ಎತ್ತರದ ಮರದ ಪೆಟ್ಟಿಗೆ, ಮೇಲ್ಗಡೆ ಗಾಜಿನ ತೆರೆ. ಹತ್ತು ಸೆಂಟ್ ಹಾಕಿದರೆ ಮೂರು ನಿಮಿಷದ ಒಂದು ಹಾಡು. ಒಳಗೆ 16 ಎಂಎಂ ರೀಲಿನಲ್ಲಿ ಎಂಟು ಹಾಡು ಒಂದರ ಹಿಂದೆ ಒಂದು, ಕೊನೆ ಮೊದಲಿಗೆ ಸೇರಿರುತ್ತದೆ. ಯಾವ ಹಾಡು ಅಂತ ಆರಿಸುವ ಹಾಗಿಲ್ಲ. ಮುಂದಿನದು ಯಾವುದೋ ಅದು. ಎಲಿಂಗ್ಟನ್ ಬೇಕು ಅಂತ ಕಾಸು ಹಾಕಿದರೆ ಯಾರೋ ಗೊಂಬೆ ಕುಣಿಸುವವನು ಬಂದಾನು. ಬೇಕಾದದ್ದು ಬರುವವರೆಗೆ ಕಾಸು ಹಾಕುತ್ತಾ ಇರಿ. ಯಂತ್ರದವರಿಗೆ ಬೇಕಾಗಿದ್ದೂ ಅದೇ.

ಪೆಟ್ಟಿಗೆ ಚಿಕ್ಕದು, ಪ್ರೊಜೆಕ್ಟರಿನಿಂದ ತೆರೆಗೆ ಅಷ್ಟು ದೂರ ಸಿಗುವುದಿಲ್ಲ. ಅದಕ್ಕೆ ಕನ್ನಡಿಗಳನ್ನು ಇಟ್ಟು ಬೆಳಕನ್ನು ಮಡಚಿ ತೆರೆಯ ಹಿಂದಿನಿಂದ ಬಿಡುತ್ತಿದ್ದರು. ಕನ್ನಡಿಯಲ್ಲಿ ಎಡ ಬಲ ತಿರುವುಮುರುವು ಆಗುತ್ತಲ್ಲ, ಹಾಗಾಗಿ ಫಿಲ್ಮನ್ನೇ ಉಲ್ಟಾ ಮುದ್ರಿಸಿದರು. ಆ ಪ್ರಿಂಟನ್ನು ಇವತ್ತು ಮಾಮೂಲಿ ಪ್ರೊಜೆಕ್ಟರಿಗೆ ಹಾಕಿ ನಕಲು ಮಾಡಿದರೆ ಜಗತ್ತೆಲ್ಲ ಎಡಗೈಯವರದ್ದು. ಯೂಟ್ಯೂಬಿನಲ್ಲಿ ಇಂಥ ನಕಲು ಸಿಕ್ಕರೆ ಪಿಯಾನೋ ನೋಡಿ. ದಪ್ಪ ಸ್ವರ ಕೇಳುವಾಗ ಬೆರಳು ಬಲಕ್ಕೆ ಓಡಿದರೆ ಪ್ರಿಂಟ್ ತಿರುಗಿದೆ ಅಂತ ಅರ್ಥ. ಇನ್ನೊಂದು ಮೋಸವೂ ಇದೆ. ಹಾಡನ್ನು ಮೊದಲೇ ರೆಕಾರ್ಡ್ ಮಾಡಿ, ಆಮೇಲೆ ಅದನ್ನು ಹಾಕಿಕೊಂಡು ಬಾಯಿ ಆಡಿಸುವುದು. ನಮ್ಮ ಸಿನಿಮಾ ಹಾಡಿನ ಹಾಗೆ. ಹಾಗಾಗಿ ತೆರೆಯ ಮೇಲೆ ಡ್ರಮ್ಸ್ ಬಾರಿಸುವವನು ನಾವು ಕೇಳುತ್ತಿರುವ ಡ್ರಮ್ಮರೇ ಆಗಿರಬೇಕಿಲ್ಲ. ಮಾರ್ಕ್ ಕ್ಯಾಂಟರ್ ಅನ್ನುವ ಸಂಗ್ರಾಹಕರು ದಶಕಗಳ ಕಾಲ ಒಂದೊಂದೇ ಫ್ರೇಮ್ ನಿಲ್ಲಿಸಿ, ಇವನು ಯಾರು, ಅವಳು ಯಾರು ಅಂತ ಪತ್ತೆ ಮಾಡುತ್ತಾ ಬಂದಿದ್ದಾರೆ.

ಒಟ್ಟು 1800ಕ್ಕೂ ಹೆಚ್ಚು ಸೌಂಡೀಸ್ ತಯಾರಾದವು. ಬಹಳಷ್ಟು ಸಪ್ಪೆ, ಅದನ್ನೂ ಹೇಳಿಬಿಡುತ್ತೇನೆ. ಆದರೆ 1941ರ ಪಿಯಾನೋ ವಾದಕ ಫ್ಯಾಟ್ಸ್ ವಾಲರ್ ನೋಡಿ, ಹುಬ್ಬಿನಲ್ಲೇ ಅರ್ಧ ಹಾಡು ಹೇಳುತ್ತಾನೆ. ಎರಡು ವರ್ಷದ ಮೇಲೆ ಅವನೂ ಇಲ್ಲ. ಡೊರೊಥಿ ಡ್ಯಾಂಡ್ರಿಜ್ ನೋಡಿ, ಮುಂದೆ ಶ್ರೇಷ್ಠ ನಟಿ ಆಸ್ಕರ್‌ಗೆ ನಾಮನಿರ್ದೇಶನ ಪಡೆದ ಮೊದಲ ಕಪ್ಪು ನಟಿ. 1942ರಲ್ಲಿ ಇಲ್ಲಿ ಕೌಬಾಯ್ ಟೋಪಿ ಹಾಕಿಕೊಂಡು ಹಾಡುತ್ತಾಳೆ. 1941ರ ಎಲಿಂಗ್ಟನ್ ಸೌಂಡಿಯಲ್ಲಿ ವೈಟೀಸ್ ಲಿಂಡಿ ಹಾಪರ್ಸ್ ಬರುತ್ತಾರೆ. ಹುಡುಗಿಯನ್ನು ತಲೆ ಮೇಲಿಂದ ಎಸೆದು ತಾಳಕ್ಕೆ ಸರಿಯಾಗಿ ನೆಲಕ್ಕಿಳಿಸುವವರು. ಈ ತುಣುಕಿಗೆ ನಿಮ್ಮ ಕಾಲು ಕುಣಿಯದಿದ್ದರೆ ಡಾಕ್ಟರನ್ನು ನೋಡಿ.

ನಡುವೆ ಯಾರೋ ಭಾರತಕ್ಕೂ ಇದಕ್ಕೂ ಏನಾದರೂ ನಂಟಿದೆಯಾ ಅಂದರು. ಇದೆ. ಲಿಯಾನ್ ಆಬಿ ಅವರ ಕಪ್ಪು ಕಲಾವಿದರ ಬ್ಯಾಂಡ್ 1935ರಲ್ಲಿ ಮುಂಬೈನ ತಾಜ್ ಹೋಟೆಲಿಗೆ ಬಂತು. ಪಿಯಾನೋದ ಟೆಡ್ಡಿ ವೆದರ್‌ಫೋರ್ಡ್ ಕೋಲ್ಕತ್ತಾದಲ್ಲೇ ನೆಲೆ ನಿಂತು 1945ರಲ್ಲಿ ಅಲ್ಲೇ ತೀರಿಕೊಂಡರು. ಇಂಥವರ ಜೊತೆ ನುಡಿಸಿ, ಇವರನ್ನು ಕೇಳಿ ಕಲಿತವರು ಗೋವಾದ ವಾದ್ಯಗಾರರು. ಅವರೇ ಹಿಂದಿ ಸಿನಿಮಾದ ಆರ್ಕೆಸ್ಟ್ರಾಗಳಿಗೆ ಹೋದರು. 1951ರ 'ಅಲಬೇಲಾ'ದ ಹಾಡು ನೋಡಿ. ಭಗವಾನ್, ಗೀತಾ ಬಾಲಿ ಕುಣಿಯುವಾಗ ಹಿಂದೆ ನುಡಿಸುವುದು ಗೋವಾದ ಟ್ರಂಪೆಟ್ ವಾದಕ ಚಿಕ್ ಚಾಕಲೇಟ್ ಮತ್ತು ಅವರ ಬ್ಯಾಂಡ್. ಅದನ್ನು ಒಂದು ಬ್ಯಾಂಡ್ ಕಿರುಚಿತ್ರ ಅಂತಲೇ ಕತ್ತರಿಸಿ ತೋರಿಸಬಹುದು.

1944ರಲ್ಲಿ ವಾರ್ನರ್‌ನವರೇ 'ಜ್ಯಾಮಿನ್ ದ ಬ್ಲೂಸ್' ತೆಗೆದರು. ನಿರ್ದೇಶನ ಛಾಯಾಗ್ರಾಹಕ ಗ್ಯೋನ್ ಮಿಲಿ ಅವರದ್ದು. ಕತ್ತಲು, ಸಿಗರೇಟಿನ ಹೊಗೆ, ಸ್ಯಾಕ್ಸೋಫೋನಿನ ಲೆಸ್ಟರ್ ಯಂಗ್ ಟೋಪಿಯ ಅಂಚು. ಆಸ್ಕರ್‌ಗೆ ನಾಮನಿರ್ದೇಶನವೂ ಆಯಿತು. ಜಾಸ್ ಪ್ರಿಯರು ಎಲ್ಲಕ್ಕಿಂತ ಮೇಲೆ ಇಡುವುದು ಇದನ್ನೇ. ಇದರಲ್ಲಿ ಒಬ್ಬನೇ ಬಿಳಿಯ, ಗಿಟಾರಿನ ಬಾರ್ನಿ ಕೆಸೆಲ್. ಕಪ್ಪು ಬಿಳುಪು ಜನ ಒಟ್ಟಿಗೆ ಕಂಡರೆ ದಕ್ಷಿಣದ ರಾಜ್ಯಗಳಲ್ಲಿ ತಕರಾರು ಬರುತ್ತದೆ ಅಂತ ಅವನನ್ನು ನೆರಳಿನಲ್ಲಿ ಕೂರಿಸಿ, ಕೈಗೆ ಹಣ್ಣಿನ ರಸ ಬಳಿದರು ಅಂತ ಹೇಳುತ್ತಾರೆ. ಚಿತ್ರ ಚೆನ್ನಾಗಿದೆ, ನಾನೂ ಒಪ್ಪುತ್ತೇನೆ. ಆದರೆ ಅಲ್ಲಿ ಹಾಸ್ಯಗಾರನಿಲ್ಲ, ಪಲ್ಟಿ ಹೊಡೆಯುವವನಿಲ್ಲ. ಸಂಗೀತ ಗಂಭೀರವಾಯಿತು. ಮೇರಿ ಬ್ರಯಂಟ್, ಆರ್ಚಿ ಸ್ಯಾವೇಜ್ ಒಂದು ಸಲ ಬಂದು ಕುಣಿದು ಹೋಗುತ್ತಾರೆ. ಹಳೇ ಮನೆಯಲ್ಲಿ ಉಳಿದ ಕೊನೆಯ ಬಾಡಿಗೆದಾರರ ಹಾಗೆ.

ಹಳೇ ಪದ್ಧತಿಯನ್ನು ಕೊನೆವರೆಗೂ ಬಿಡದವರು ಯೂನಿವರ್ಸಲ್ ಕಂಪನಿಯವರು. ವಿಲ್ ಕೋವನ್ ಅನ್ನುವವರು ಹದಿನೈದು ನಿಮಿಷದ ಬ್ಯಾಂಡ್ ಚಿತ್ರಗಳನ್ನು ಇಡ್ಲಿ ಹೊಯ್ದ ಹಾಗೆ ಹೊಯ್ದರು. ಬ್ಯಾಂಡ್, ಗಾಯಕಿ, ಐಟಂ, ಮತ್ತೆ ಬ್ಯಾಂಡ್. ಕ್ಯಾಮೆರಾದಲ್ಲಿ ಏನೂ ಜಾಣತನ ಇಲ್ಲ. ಹಾಗಾಗಿಯೇ ನನಗೆ ಇವು ಬೇಕು. ಕುಣಿಯುವವನನ್ನು ತಲೆಯಿಂದ ಕಾಲಿನವರೆಗೆ ಪೂರ್ತಿ ತೋರಿಸುತ್ತಾರೆ. ಇಲ್ಲಿ ಬರುವ ಲೀಡರ್‌ಗಳಲ್ಲೂ ಕೆಲವರು ಐಟಂ ಮಾಡಿಯೇ ಬೆಳೆದವರು. ಹ್ಯಾರಿ ಜೇಮ್ಸ್ ಹುಟ್ಟಿದ್ದು ಸರ್ಕಸ್ ಕುಟುಂಬದಲ್ಲಿ. ಅಪ್ಪ ಸರ್ಕಸ್ಸಿನ ಬ್ಯಾಂಡ್ ಮಾಸ್ಟರ್. ಮಗ ಟ್ರಂಪೆಟ್ ಹಿಡಿಯುವ ಮುಂಚೆ ಮೈ ಮಣಿಸುವ ಆಟ ಆಡುತ್ತಿದ್ದ. ಬಡ್ಡಿ ರಿಚ್ ಹಾಲುಹಲ್ಲಿನ ವಯಸ್ಸಿನಲ್ಲೇ ವಾಡೆವಿಲ್ ವೇದಿಕೆಯಲ್ಲಿ ಡ್ರಮ್ಸ್ ಬಾರಿಸುತ್ತಿದ್ದ.

ಇವತ್ತಿನ ಕೊನೆಯ ತುಣುಕು ಯೂನಿವರ್ಸಲ್‌ನದ್ದೇ, 1950ರದ್ದು. ಕೌಂಟ್ ಬೇಸಿ ಇದ್ದಾರೆ. ದೊಡ್ಡ ಬ್ಯಾಂಡ್ ಸಾಕಲಾಗದೆ ಬಿಟ್ಟು, ಆರು ಜನರ ತಂಡ ಮಾಡಿಕೊಂಡಿದ್ದಾರೆ. ಬಿಲ್ಲಿ ಹಾಲಿಡೇ ಇದ್ದಾರೆ. ಹದಿನೈದು ವರ್ಷದ ಹಿಂದೆ ಬಿದ್ದಲ್ಲಿಂದ ಹಾಡಿದ್ದ ಅದೇ ಹುಡುಗಿ, ಈಗ ನಿಂತು, ಹೂ ಮುಡಿಯದೆ, ಹೆಚ್ಚು ಅಲ್ಲಾಡದೆ ಹಾಡುತ್ತಾರೆ. ಇವರಿಬ್ಬರಿಗಿಂತ ಮೊದಲು ಹೆಸರು ಹಾಕಿರುವುದು ಯಾರದ್ದು ಗೊತ್ತಾ? ಶುಗರ್ ಚೈಲ್ ರಾಬಿನ್ಸನ್. ಡೆಟ್ರಾಯಿಟಿನ ಪುಟ್ಟ ಹುಡುಗ. 1946ರಲ್ಲಿ ಅಧ್ಯಕ್ಷ ಟ್ರೂಮನ್ ಮುಂದೆ ಪಿಯಾನೋ ನುಡಿಸಿ, ನಡುವೆಯೇ 'ಹೆಂಗೆ ನುಡಿಸ್ತಿದೀನಿ, ಮಿಸ್ಟರ್ ಪ್ರೆಸಿಡೆಂಟ್?' ಅಂತ ಕೂಗಿ ಕೇಳಿದವನು. ಕೈ ಚಿಕ್ಕದು, ಪಿಯಾನೋದ ದೂರದ ಮನೆಗಳಿಗೆ ಬೆರಳು ಎಟುಕುವುದಿಲ್ಲ. ಅದಕ್ಕೆ ಮುಷ್ಟಿಯಲ್ಲಿ ಗುದ್ದುತ್ತಾನೆ, ಮೊಣಕೈಯಲ್ಲಿ ಒತ್ತುತ್ತಾನೆ. ತಾಳ ಮಾತ್ರ ಗಡಿಯಾರ. ಇದಾಗಿ ಒಂದೆರಡು ವರ್ಷಕ್ಕೆ ಆಟ ಸಾಕು ಅಂತ ಶಾಲೆಗೆ ಹೋದ.

ಅಷ್ಟು ಹೊತ್ತಿಗೆ ಟೀವಿ ಬಂದಿತ್ತು, ಚಿತ್ರಮಂದಿರಗಳಿಗೆ ಕಿರುಚಿತ್ರ ಬೇಡವಾಗುತ್ತಿತ್ತು. ರೀಲುಗಳು ಗೋದಾಮಿಗೆ ಹೋದವು. ವೈಟಾಫೋನಿನ ಫಿಲ್ಮ್ ಒಂದು ಕಡೆ, ಡಿಸ್ಕು ಇನ್ನೊಂದು ಕಡೆ. 1991ರಲ್ಲಿ ರಾನ್ ಹಚಿನ್ಸನ್ ಮತ್ತು ಕೆಲವು ಸಂಗ್ರಾಹಕರು ಸೇರಿ ವೈಟಾಫೋನ್ ಪ್ರಾಜೆಕ್ಟ್ ಅಂತ ಶುರು ಮಾಡಿದರು. ಯಾರದೋ ಮನೆಯ ನೆಲಮಾಳಿಗೆಯಲ್ಲಿ ಬಿದ್ದ ಡಿಸ್ಕು ಹುಡುಕಿ, ಸಂಗ್ರಹಾಲಯದಲ್ಲಿರುವ ಮೂಕ ಫಿಲ್ಮಿಗೆ ಜೋಡಿಸುವ ಕೆಲಸ. ಎಷ್ಟೋ ಜೋಡಿ ಕೂಡಿದವು. ಕೂಡದೆ ಉಳಿದವೂ ಇವೆ. ಫಿಲ್ಮ್ ಇದ್ದು ಡಿಸ್ಕು ಇಲ್ಲದಿದ್ದರೆ ಹಾಡುವವಳ ಬಾಯಿ ಆಡುತ್ತದೆ, ದನಿ ಇಲ್ಲ. ಡಿಸ್ಕು ಮಾತ್ರ ಇದ್ದರೆ ಬ್ಯಾಂಡ್ ಕೇಳುತ್ತದೆ. ಆಮೇಲೆ ಬ್ಯಾಂಡ್ ನಿಲ್ಲುತ್ತದೆ. ಮರದ ಹಲಗೆಯ ಮೇಲೆ ಯಾರದೋ ಎರಡು ಕಾಲು ಟಕಟಕ ಅಂತ ಓಡುತ್ತದೆ, ಜನ ನಗುತ್ತಾರೆ, ಚಪ್ಪಾಳೆ. ಯಾರ ಕಾಲು ಅಂತ ಲೇಬಲ್ ಮೇಲೆ ಬರೆದಿರುವುದಿಲ್ಲ.

ದೀಪ ಆರಿಸಿ, ಶುಗರ್ ಚೈಲ್ ಹಾಕೋಣ.